ಅಜ್ಜನ ಹೆಸರಿನ ಕಾರ್ಡಿನಲ್

ಈ ಸಲ ಸತ್ತವರ ಹಬ್ಬದ ದಿನಾನೂ ಚಿಕ್ಕಮಗಳೂರಲ್ಲಿ ಮಳೆ ಬಿಡ್ಲಿಲ್ಲ, ಛತ್ರಿ ಹಿಡ್ಕೊಂಡೇ ಅಜ್ಜನ ಸಮಾಧಿ ಮೇಲೆ ಮೇಣದಬತ್ತಿ ಹಚ್ಚಿ ಬಂದ್ವಿ. ಮನೆಗೆ ಬಂದ್ಮೇಲೆ ಅಜ್ಜಿ ಜಪದ ಪುಸ್ತಕ ತೆಗೆದ್ರು, ಅದರೊಳಗೆ ಒಂದು ಸಣ್ಣ ಫೋಟೋ, ಅಂಚೆಲ್ಲ ಸವೆದು ಹೋಗಿದೆ. ಕೆಂಪು ನಿಲುವಂಗಿ, ಉದ್ದ ಮೂಗು, ಕೊರಳಲ್ಲಿ ಹಗ್ಗ, ಬರಿಗಾಲು. ಸಂತ ಚಾರ್ಲ್ಸ್ ಬೊರೊಮಿಯೊ. ಅಜ್ಜನಿಗೆ ಇಟ್ಟಿದ್ದು ಇವರ ಹೆಸರೇ. ಕಾರ್ಡಿನಲ್ ಅಂದ್ರೆ ಚರ್ಚಲ್ಲಿ ಪೋಪ್ ನಂತರದ ದೊಡ್ಡ ಪದವಿ, ಅಂಥೋರ ಕೊರಳಲ್ಲಿ ಹಗ್ಗ ಯಾಕೆ ಅಂತ ಚಿಕ್ಕೋನಿದ್ದಾಗಿಂದ ತಲೆಯಲ್ಲಿತ್ತು, ಆಮೇಲೆ ಅವರ ಬಗ್ಗೆ ಸಿಕ್ಕಿದ್ದೆಲ್ಲ ಓದ್ತಾ ಹೋದೆ, ಓದಿದಷ್ಟೂ ಈ ಮನುಷ್ಯ ಬಿಡ್ತಿಲ್ಲ.

ಹುಟ್ಟಿದ್ದು 1538ರಲ್ಲಿ, ಇಟಲಿಯ ಅರೋನಾ ಅನ್ನೋ ಕಡೆ, ಮಜ್ಜೋರೆ ಸರೋವರದ ದಡದ ಕೋಟೆ ಮನೇಲಿ. ಅಪ್ಪ ಕೌಂಟ್, ಅಂದ್ರೆ ನಮ್ಮ ಕಡೆ ಪಾಳೇಗಾರರ ಮನೆತನ ಇದ್ದ ಹಾಗೆ. 12ನೇ ವಯಸ್ಸಿಗೇ ಒಂದು ಮಠದ ಆದಾಯ ಅವರ ಹೆಸರಿಗೆ ಬಂತು, ಆ ಹುಡುಗ ಅಪ್ಪನ ಹತ್ರ ಹೋಗಿ ಖರ್ಚು ಕಳೆದು ಉಳಿದಿದ್ದು ಬಡವರದ್ದು, ಮನೆಗೆ ಸೇರಿಸ್ಕೋಬಾರದು ಅಂದನಂತೆ. 1559ರ ಡಿಸೆಂಬರಲ್ಲಿ ಸೋದರಮಾವ ಪೋಪ್ ಆದ್ರು, ನಾಲ್ಕನೇ ಪಯಸ್ ಅಂತ. ಒಂದು ತಿಂಗಳು ಚಿಲ್ರೆ ದಿನಕ್ಕೇ ಸೋದರಳಿಯ ಕಾರ್ಡಿನಲ್! ವಯಸ್ಸು ಬರೀ 21, ಇನ್ನೂ ಗುರುಪಟ್ಟ, ಅಂದ್ರೆ ಪಾದ್ರಿ ದೀಕ್ಷೆ ಕೂಡ ಆಗಿರ್ಲಿಲ್ಲ. ಆಗಿನ ಕಾಲಕ್ಕೆ ಅದೇ ವಾಡಿಕೆ, ಆದ್ರೂ ಅದು ಸರಿ ಅಂತ ನನಗನ್ನಿಸಲ್ಲ. ಮಾವ ಕೊಟ್ಟ ಕುರ್ಚಿಯಲ್ಲಿ ಕೂತು ಏನು ಮಾಡಿದ್ರು ಅನ್ನೋದೇ ಇಲ್ಲಿ ವಿಷಯ.

1562ರಲ್ಲಿ ಒಬ್ಬನೇ ಅಣ್ಣ ತೀರ್ಕೊಂಡ. ಮನೆತನ ಉಳೀಬೇಕಲ್ಲ, ಇದನ್ನೆಲ್ಲ ಬಿಟ್ಟು ಮದುವೆ ಆಗು ಅಂತ ನೆಂಟರೆಲ್ಲ ಬೆನ್ನು ಬಿದ್ರು. ಇವರು ಮಾಡಿದ್ದು ಉಲ್ಟಾ, ಮರುವರ್ಷ ಗುರುಪಟ್ಟ ತಗೊಂಡ್ರು, ಅದೇ ಡಿಸೆಂಬರಲ್ಲಿ ಬಿಷಪ್ಪೂ ಆದ್ರು. ಚರ್ಚನ್ನ ತಿದ್ದೋಕೆ ಬಿಷಪ್ಪರೆಲ್ಲ ಸೇರಿದ್ದ ಟ್ರೆಂಟ್ ಮಹಾಸಭೆ ಮುಗಿಸೋಕೆ ರೋಮಿಂದ ಓಡಾಡಿದ್ದೂ ಆಗ್ಲೇ. ಆ ಸಭೆ ಬಿಷಪ್ ತನ್ನ ಊರಲ್ಲೇ ಇರ್ಬೇಕು ಅಂತ ಹೇಳಿತ್ತು, ಮಿಲಾನಲ್ಲಿ ನೋಡಿದ್ರೆ ಸುಮಾರು 80 ವರ್ಷದಿಂದ ಆರ್ಚ್‌ಬಿಷಪ್ ಬಂದು ನೆಲೆಸಿರ್ಲೇ ಇಲ್ಲ. ಇವರು 1565ರಲ್ಲಿ ರೋಮಿನ ವೈಭೋಗ ಬಿಟ್ಟು ಅಲ್ಲಿಯ ಆರ್ಚ್‌ಬಿಷಪ್ ಆಗಿ ಹೋದ್ರು. ಪಾದ್ರಿಗಳನ್ನ ತಯಾರು ಮಾಡೋ ಸೆಮಿನರಿ ಕಟ್ಟಿದ್ರು, ಮಕ್ಕಳಿಗೆ ಭಾನುವಾರದ ಧರ್ಮೋಪದೇಶ ಶಾಲೆ ಬೆಳೆಸಿದ್ರು. ನಮ್ಮ ಚರ್ಚಲ್ಲಿ ಪಾಪನಿವೇದನೆಗೆ ಮರದ ಪೆಟ್ಟಿಗೆ ಇರತ್ತಲ್ಲ, ನಡುವೆ ಜಾಲರಿ, ಈ ಕಡೆ ನಾವು ಆ ಕಡೆ ಫಾದರ್, ಅದು ಹೀಗೇ ಇರ್ಬೇಕು ಅಂತ ಅಳತೆ ಸಮೇತ ನಿಯಮ ಬರೆದವರಲ್ಲಿ ಇವರೇ ಮುಖ್ಯ. ಅಜ್ಜ ಅದೆಷ್ಟು ವರ್ಷ ಆ ಜಾಲರಿ ಮುಂದೆ ಮಂಡಿಯೂರಿದಾರೋ.

ಎಲ್ರಿಗೂ ಇವರು ಇಷ್ಟ ಆಗಿರ್ಲಿಲ್ಲ. ಸೋಮಾರಿಯಾಗಿದ್ದ ಒಂದು ಸಂನ್ಯಾಸಿ ಸಭೆಯನ್ನ ತಿದ್ದೋಕೆ ಹೋಗಿದ್ದಕ್ಕೆ 1569ರ ಅಕ್ಟೋಬರ್ 26ಕ್ಕೆ ಜಪ ಮಾಡ್ತಿದ್ದಾಗ ಬೆನ್ನಿಗೆ ಗುಂಡು ಹಾರಿಸಿದ್ರು, ಬರೀ ತರಚಿ ಉಳ್ಕೊಂಡ್ರು.

ಇನ್ನು ಆ ಹಗ್ಗ. 1576ರಲ್ಲಿ ಮಿಲಾನಿಗೆ ಪ್ಲೇಗ್ ಬಂತು. ಗವರ್ನರ್, ದೊಡ್ಡ ಮನೆತನದೋರು ಊರು ಬಿಟ್ರು. ಇವರೂ ಅದೇ ಜಾತಿಯ ದೊಡ್ಡ ಮನೆಯೋರೇ, ಅರೋನಾದಲ್ಲಿ ಕೋಟೆ ಇತ್ತು, ಹೋಗಿ ಕೂರಬಹುದಿತ್ತು. ಉಯಿಲು ಬರೆದಿಟ್ಟು ಅಲ್ಲೇ ಉಳಿದ್ರು. ಅರಮನೆಯ ಪರದೆ ಬಟ್ಟೆಯೆಲ್ಲ ಇಳಿಸಿ ಬಡವರಿಗೆ ಅಂಗಿ ಹೊಲಿಸಿದ್ರು, ಚಳಿಗಾಲ ಬೇರೆ, ಜನ ಕೆಂಪು ನೇರಳೆ ಪರದೆ ಉಟ್ಕೊಂಡು ಓಡಾಡಿದಾರೆ. ಕೊರಳಿಗೆ ಹಗ್ಗ ಹಾಕ್ಕೊಂಡು ಬರಿಗಾಲಲ್ಲಿ ಮೆರವಣಿಗೆ ನಡೆದದ್ದು ಆಗಲೇ, ಊರಿನ ಪಾಪ ತನ್ನ ತಲೆ ಮೇಲಿರ್ಲಿ ಅಂತ. ಆಮೇಲೆ ಎಲ್ರೂ ಮನೆಯೊಳಗೇ ಇರ್ಬೇಕು ಅಂತ ಆಜ್ಞೆ ಆಯ್ತು, ಚರ್ಚಿಗೆ ಬರೋ ಹಾಗಿಲ್ಲ, ಆಗ ಇವರು ಬೀದಿ ಬೀದಿ ಕೂಡೋ ಕಡೆ ಬಲಿಪೀಠ ಹಾಕ್ಸಿದ್ರು. ಜನ ಕಿಟಕಿಯಲ್ಲಿ ನಿಂತು ಪೂಜೆ ನೋಡ್ತಿದ್ರು, ಗಂಟೆ ಹೊಡೆದಾಗ ಇಡೀ ಬೀದಿ ಕಿಟಕಿಯಿಂದ್ಲೇ ಜಪ ಹೇಳ್ತಿತ್ತು.

ಇದನ್ನ ಓದ್ದಾಗ ನನಗೆ 2020ರ ಅಜ್ಜಿ ಕಣ್ಮುಂದೆ ಬಂದ್ರು. ಲಾಕ್‌ಡೌನ್, ಚರ್ಚ್ ಬಾಗಿಲು ಮುಚ್ಚಿದೆ, ನೆಟ್‌ವರ್ಕ್ ಸಿಗೋದು ಜಗಲಿ ಮೂಲೇಲಿ ಮಾತ್ರ, ಅಲ್ಲಿ ಕಾಫಿ ಡಬ್ಬಕ್ಕೆ ಮೊಬೈಲ್ ಒರಗಿಸಿಟ್ಟು ಪೂಜೆ ಹಾಕ್ತಿದ್ದೆ. ಅಜ್ಜಿ ತಲೆ ಮೇಲೆ ಸೆರಗು ಹೊದ್ದು, ಎದ್ದು ನಿಲ್ಲೋ ಕಡೆ ನಿಲ್ತಿದ್ರು, ಮಂಡಿಯೂರೋ ಕಡೆ ಸಿಮೆಂಟ್ ನೆಲದ ಮೇಲೇ ಮಂಡಿಯೂರ್ತಿದ್ರು, ವಿಡಿಯೋ ನಿಂತ್ರೂ ಏಳ್ತಿರ್ಲಿಲ್ಲ.

ಒಂದು ವಿಷಯ ಮುಚ್ಚಿಡೋಕೆ ಮನಸ್ಸಾಗಲ್ಲ. 1583ರಲ್ಲಿ ಆಲ್ಪ್ಸ್ ಬೆಟ್ಟದ ಮೆಸೊಲ್ಚಿನಾ ಕಣಿವೆಗೆ ಇವರು ಹೋದಾಗ ಮಾಟಗಾತಿಯರು ಅಂತ ಹೆಂಗಸರನ್ನ ವಿಚಾರಣೆ ಮಾಡಿ ಸುಟ್ಟರು. ಅದನ್ನ ಓದಿ ಎರಡು ದಿನ ಈ ಬರಹ ಮುಟ್ಟಲಿಲ್ಲ. ಕಾಲ ಹಾಗಿತ್ತು ಅಂತ ಸಮಾಧಾನ ಹೇಳ್ಕೊಳ್ಳೋಕೆ ಆಗ್ಲಿಲ್ಲ, ಪ್ಲೇಗಿನ ಬೀದಿಯಲ್ಲಿ ನಡೆದವರೂ ಇವರೇ, ಅಲ್ಲಿದ್ದವರೂ ಇವರೇ.

ಉಪವಾಸ, ಜ್ವರ, ಓಡಾಟ ಎಲ್ಲ ಸೇರಿ 1584ರ ನವೆಂಬರ್ 3ರ ರಾತ್ರಿ ತೀರ್ಕೊಂಡ್ರು, ವಯಸ್ಸು 46. 1610ರಲ್ಲಿ ಸಂತ ಪದವಿ ಸಿಕ್ತು.

ಇವರ ಹಬ್ಬ ನವೆಂಬರ್ 4ಕ್ಕೆ. ಅಜ್ಜಿಗೆ ಈಗ ಚರ್ಚಿನ ಮೆಟ್ಟಿಲು ಹತ್ತೋಕಾಗಲ್ಲ, ಫಾದರ್ ಮನೆಗೇ ಪರಮಪ್ರಸಾದ ತರ್ತೀನಿ ಅಂದಿದಾರೆ. ಆ ಜಗಲಿ ಮೂಲೆಯಲ್ಲೇ ಬಿಳಿ ಬಟ್ಟೆ ಹಾಸಿ ಮೇಜು ಇಡು, ಅಜ್ಜನ ಫೋಟೋನೂ ಇಡು ಅಂತ ಬೆಳಗ್ಗೆಯಿಂದ ಮೂರು ಸಲ ಹೇಳಿದಾರೆ.