ಇನ್ನೊಂದು ಸಲ ಮುಟ್ಟಿ ನೋಡ್ಲಾ?

ಶನಿವಾರ ಬೆಳಗ್ಗೆ ನಾನಾಗಲೇ ಪುಸ್ತಕದಲ್ಲಿ ‘ಸತ್ತಿದೆ’ ಎಂದು ಬರೆದಾಗಿತ್ತು. ಪಕ್ಕದ ಸ್ಟೂಲಿನಿಂದ ಮೆಲ್ಲಗೆ ದನಿ ಬಂತು: “ಅಕ್ಕಾ, ಇನ್ನೊಂದು ಸಲ ಮುಟ್ಟಿ ನೋಡ್ಲಾ?”

ಪ್ರಾಜೆಕ್ಟಿಗೆ ಬಂದು ಮೂರು ವಾರವಾದ ಹುಡುಗಿ. ಮಾತು ಕಡಿಮೆ, ಕಣ್ಣು ಚುರುಕು. ನಾನು ಐದು ವರ್ಷದಿಂದ ಲ್ಯಾಬಿನಲ್ಲಿ ಈ ಹುಳುಗಳು ಎಷ್ಟು ದಿನ ಬದುಕುತ್ತವೆ ಎಂದು ಎಣಿಸುತ್ತಿದ್ದೇನೆ. “ನೋಡು” ಎಂದು ಎದ್ದು ಜಾಗ ಬಿಟ್ಟೆ. ಅವಳು ಪ್ಲಾಟಿನಂ ತಂತಿಯ ತುದಿಯನ್ನು ಉರಿಗೆ ಹಿಡಿದು, ಆರಲು ಬಿಟ್ಟು, ಹುಳುವಿನ ಮೂತಿಗೆ ತಾಗಿಯೂ ತಾಗದ ಹಾಗೆ ತಂದಳು. ಒಂದು ಕ್ಷಣ ಏನೂ ಇಲ್ಲ. ಆಮೇಲೆ ತಲೆ ನಿಧಾನಕ್ಕೆ ಪಕ್ಕಕ್ಕೆ ಹೊರಳಿತು. ಮೈ ಬಿದ್ದಲ್ಲೇ ಇತ್ತು, ತಲೆ ಮಾತ್ರ.

“ಇದೆ ಅಕ್ಕಾ.”

ಅದು ಎಣಿಕೆಯ 19ನೇ ದಿನ. ಸಿ. ಎಲಿಗ್ಯಾನ್ಸ್ ಎಂಬ ಈ ದುಂಡುಹುಳು ಜಂತುಹುಳುವಿನ ದೂರದ ನೆಂಟ. ಆದರೆ ಯಾರ ಹೊಟ್ಟೆಯನ್ನೂ ಸೇರದೆ ಕೊಳೆತ ಹಣ್ಣು, ಮಣ್ಣಿನ ನಡುವೆ ಬ್ಯಾಕ್ಟೀರಿಯಾ ತಿಂದು ಬದುಕುವ ಸಾಧು ಜೀವಿ. ಒಂದು ಮಿಲಿಮೀಟರ್ ಉದ್ದ, ಗಾಜಿನಂಥ ಮೈ. 20 ಡಿಗ್ರಿಯಲ್ಲಿಟ್ಟರೆ ಎರಡು ಮೂರು ವಾರದ ಬದುಕು. ಎಳೆಯ ಪ್ರಾಯದಲ್ಲಿ ಅಗಾರ್ ಎಂಬ ಜೆಲ್ಲಿಯ ಮೇಲೆ ಬಳುಕಿ ಬಳುಕಿ ಓಡಾಡುತ್ತದೆ. ಮುಪ್ಪಾದಂತೆ ಓಡಾಟ ನಿಲ್ಲುತ್ತದೆ, ಆಮೇಲೆ ಮುಟ್ಟಿದರೆ ಮಾತ್ರ ಸರಿಯುತ್ತದೆ, ಕಡೆಗೆ ತಲೆಯ ಕದಲಿಕೆಯಷ್ಟೇ ಉಳಿಯುತ್ತದೆ. ಇದೆಲ್ಲ ನನಗೆ ಗೊತ್ತಿತ್ತು. ಗೊತ್ತಿದ್ದೂ ಒಂದೇ ಸಲ ಮುಟ್ಟಿ ಬರೆದುಬಿಟ್ಟಿದ್ದೆ.

ಮಧ್ಯಾಹ್ನ ಈ ವಿಷಯ ಹೇಳಿದಾಗ ಲ್ಯಾಬಿನ ಹಿರಿಯರೊಬ್ಬರು, “ಹುಳ ತಾನೇ, ಒಂದೆರಡು ಹೆಚ್ಚುಕಮ್ಮಿ ಆದ್ರೆ ಗ್ರಾಫೇನೂ ಬದಲಾಗಲ್ಲ” ಅಂದರು. ಅವರ ಕೈ ಬಲು ಚುರುಕು, ಹುಳು ಎತ್ತುವುದನ್ನು ನಾನು ಕಲಿತದ್ದೂ ಅವರಿಂದಲೇ. ಆದರೆ ಈ ಮಾತು ನನಗೆ ಒಪ್ಪಿಗೆಯಾಗಲಿಲ್ಲ, ಈಗಲೂ ಆಗಿಲ್ಲ. ಎಷ್ಟು ಹುಳು ಉಳಿದಿವೆ ಎಂದು ತೋರಿಸುವ ಗ್ರಾಫಿನ ಗೆರೆ ಕೆಳಗಿಳಿಯುವ ಒಂದೊಂದು ಮೆಟ್ಟಿಲೂ ಯಾರೋ ಒಬ್ಬರು ತಂತಿ ತಾಗಿಸಿ ಬರೆದದ್ದೇ ಅಲ್ಲವೇ? ಡಾಫ್-2 ಎಂಬ ಒಂದೇ ವಂಶವಾಹಿ ಕುಂದಿದರೆ ಹುಳು ಎರಡು ಪಟ್ಟಿಗೂ ಹೆಚ್ಚು ಕಾಲ ಬದುಕುತ್ತದೆ ಎಂದು 1993ರಲ್ಲಿ ಸಿಂಥಿಯಾ ಕೆನ್ಯನ್ ತಂಡ ತೋರಿಸಿತು. ಮುಪ್ಪಿನ ಬಗ್ಗೆ ನಮ್ಮ ತಿಳಿವಳಿಕೆಯನ್ನೇ ತಿರುಗಿಸಿದ ಆ ಮಾತಿನ ಹಿಂದೆಯೂ ಇದ್ದದ್ದು ಹೀಗೆ ದಿನದಿನವೂ ಕೂತು ಮಾಡಿದ ಎಣಿಕೆ.

ಶನಿವಾರ ರಾತ್ರಿ ನಿದ್ದೆ ಹತ್ತಲಿಲ್ಲ. ಆ ತಲೆ ಹೊರಳಿದ್ದೇ ಕಣ್ಣ ಮುಂದೆ. ಈ ಹುಳುವಿನೊಳಗಿನ ಸಾವುಗಳ ಲೆಕ್ಕ ನಮಗೆ ಎಷ್ಟು ಚೆನ್ನಾಗಿ ಗೊತ್ತು! ಬೆಳೆಯುವಾಗ ಹುಟ್ಟುವ 1090 ಕೋಶಗಳಲ್ಲಿ 131 ಸಾಯುತ್ತವೆ, 959 ಉಳಿಯುತ್ತವೆ. ಪ್ರತಿ ಹುಳುವಿನಲ್ಲೂ ಅವೇ ಕೋಶಗಳು, ಅದೇ ಹೊತ್ತಿಗೆ. ಇದನ್ನು ಕಂಡುಕೊಳ್ಳಲು ಜಾನ್ ಸಲ್ಸ್ಟನ್ ಭ್ರೂಣದ ಒಂದೊಂದು ಕೋಶವನ್ನೂ ಸೂಕ್ಷ್ಮದರ್ಶಕದಲ್ಲಿ ಹಿಂಬಾಲಿಸುತ್ತಾ, ದಿನಕ್ಕೆ ಎರಡು ಸಲ ನಾಲ್ಕು ನಾಲ್ಕು ಗಂಟೆಯಂತೆ ಒಂದೂವರೆ ವರ್ಷ ಕೂತರು, ಕಂಡದ್ದನ್ನು ಕೈಯಲ್ಲೇ ಬಿಡಿಸಿಕೊಂಡರು. ಕೋಶಗಳಿಗೆ ಸಾಯಲು ಹೇಳುವ ವಂಶವಾಹಿಗಳನ್ನು ರಾಬರ್ಟ್ ಹಾರ್ವಿಟ್ಸ್ ಹುಡುಕಿದರು. ಹುಳುವನ್ನು ಪ್ರಯೋಗಾಲಯಕ್ಕೆ ಆರಿಸಿ ತಂದ ಸಿಡ್ನಿ ಬ್ರೆನ್ನರ್ ಜೊತೆ ಇಬ್ಬರಿಗೂ 2002ರಲ್ಲಿ ನೊಬೆಲ್ ಬಂತು. ಅಂಥ ಸಾವುಗಳು ನಮ್ಮ ಮೈಯಲ್ಲೂ ನಡೆಯುತ್ತಲೇ ಇರುತ್ತವೆ. ಅದು ಎಡವಿದ ಕಡೆ ಕ್ಯಾನ್ಸರ್ ಬೆಳೆಯಬಹುದು ಎಂಬುದು ಅರ್ಥವಾಗಲು ಈ ಹುಳುವೂ ಕಾರಣ.

ಕೋಶದ ಸಾವು ಅಷ್ಟು ಖಚಿತ. ಇಡೀ ಹುಳುವಿನ ಸಾವು? ಮುಟ್ಟಿದರೆ ಕದಲಲಿಲ್ಲ, ಅಷ್ಟೇ. ಸಾಯುವ ಹುಳುವನ್ನು ನೇರಳಾತೀತ ಬೆಳಕಿನಲ್ಲಿ ನೋಡಿದರೆ ಕರುಳಿನ ಕೋಶಗಳು ಒಂದರ ಹಿಂದೊಂದು ಸಾಯುತ್ತಾ ನೀಲಿ ಹೊಳಪು ಅಲೆಯಾಗಿ ಮೈಯುದ್ದಕ್ಕೂ ಹರಡುತ್ತದೆ ಎಂಬುದು 2013ರಲ್ಲಿ ತಿಳಿಯಿತು. ಅಂದರೆ ಸಾವಿಗೂ ಗಂಟೆಗಟ್ಟಲೆ ಸಮಯ ಬೇಕು. ಅದರ ನಡುವೆ ಎಲ್ಲೋ ಒಂದು ಕಡೆ ನಾವು ಗೆರೆ ಎಳೆದು ದಿನಾಂಕ ಬರೆಯುತ್ತೇವೆ. ಐದು ವರ್ಷದಲ್ಲಿ ನಾನು ಎಷ್ಟು ತಲೆಗಳಿಗೆ ಹೊರಳುವ ಮೊದಲೇ ಗೆರೆ ಎಳೆದೆ?

ಭಾನುವಾರವೂ ತಲೆ ಹೊರಳಿತು. ಸೋಮವಾರ ನಾನು ಮುಟ್ಟಿದೆ, ಕದಲಲಿಲ್ಲ. ಅವಳು ಮೂತಿಗೊಮ್ಮೆ ಬಾಲಕ್ಕೊಮ್ಮೆ ಮುಟ್ಟಿದಳು, ಕಾದಳು, ಮತ್ತೆ ಮೂತಿಗೆ. ಇಲ್ಲ. ಪೆನ್ನು ಅವಳ ಕಡೆಗೆ ಸರಿಸಿದೆ. ನಾನು ಹೊಡೆದು ಹಾಕಿದ್ದ 19ರ ಕೆಳಗೆ ಅವಳ ಗುಂಡನೆಯ ಅಕ್ಷರದಲ್ಲಿ 21 ಎಂದಿದೆ.