ಮಳೆಗೆ ಕೈ ಚಾಚುವವರು

ಜುಲೈ 21, 2024, ಆದಿತ್ಯವಾರ
ಬದಿಯಡ್ಕ

ಊಟ ಮುಗಿಸಿ ಅಮ್ಮನೂ ನಾನೂ ‘ರೇಗನ್’ ನೋಡಿದೆವು. ರೇಗನ್ ಅಂದರೆ ಡಚ್ ಭಾಷೆಯಲ್ಲಿ ಮಳೆ. ಯೋರಿಸ್ ಐವೆನ್ಸ್, ಮಾನ್ನುಸ್ ಫ್ರಾಂಕನ್ ಸೇರಿ ಮಾಡಿದ 1929ರ ಮೂಕಿಚಿತ್ರ, ಕಾಲು ಗಂಟೆಯೂ ಇಲ್ಲ. ಆಮ್‌ಸ್ಟರ್‌ಡ್ಯಾಮಿಗೆ ಮಳೆ ಬರುತ್ತದೆ, ಬಿಡುತ್ತದೆ. ಕಥೆ ಅಷ್ಟೇ, ನನಗೆ ಬೇಕಾದದ್ದೂ ಅಷ್ಟೇ.

ಮೊದಲು ಗಾಳಿ. ಆಮೇಲೆ ಕಾಲುವೆ ನೀರಿನಲ್ಲಿ ಒಂದೊಂದೇ ಹನಿ ಉಂಗುರ ಬರೆಯುತ್ತದೆ. ಒಬ್ಬ ಅಂಗೈ ಚಾಚಿ ನೋಡಿ ಕೋಟಿನ ಕಾಲರ್ ಎತ್ತಿಕೊಳ್ಳುತ್ತಾನೆ. “ನಿನ್ನ ಅಪ್ಪನೂ ಹೀಗೇ ಜಗಲಿಯಿಂದ ಕೈ ಚಾಚಿ ನೋಡಿಯೇ ಅಂಗಳಕ್ಕೆ ಇಳಿಯುತ್ತಿದ್ದದ್ದು” ಎಂದರು ಅಮ್ಮ. ಅಷ್ಟರಲ್ಲಿ ಕೊಡೆಗಳು ಬಿಚ್ಚಿಕೊಂಡವು. ಮೇಲಿನಿಂದ ಕಾಣುವುದು ಬರೀ ಕಪ್ಪು ಕೊಡೆಗಳ ಸಾಲು, ಮುಖ ಒಂದೂ ಇಲ್ಲ. ಆದರೂ ಯಾರಿಗೆ ಅವಸರ, ಯಾರಿಗಿಲ್ಲ ಎಂದು ನಡಿಗೆಯಲ್ಲೇ ಗೊತ್ತಾಗುತ್ತದೆ.

ಅದು ಒಂದೇ ಮಳೆಯೂ ಅಲ್ಲ. ತಿಂಗಳುಗಟ್ಟಲೆ ಹಿಡಿದ ಬೇರೆ ಬೇರೆ ಮಳೆಗಳನ್ನು ಜೋಡಿಸಿ ಒಂದು ಮಳೆ ಮಾಡಿದ್ದಾರೆ. ಐವೆನ್ಸ್ ಊರಿನ ಅಲ್ಲಲ್ಲಿ ಗೆಳೆಯರನ್ನು ಮಳೆ ಕಾಯಲು ಬಿಟ್ಟಿದ್ದರು. ಬೇಕಾದಂಥ ಮಳೆ ಕಂಡ ಕೂಡಲೇ ಅವರು ಫೋನ್ ಮಾಡಬೇಕು, ಇವರು ಕ್ಯಾಮೆರಾ ಹಿಡಿದು ಓಡಬೇಕು. ಮಳೆಯ ಮೇಲೆ ಇಷ್ಟು ಪ್ರೀತಿ ಇಟ್ಟವರನ್ನು ನಾನು ಕಂಡದ್ದಿಲ್ಲ. ಇಲ್ಲಿ ಆಟಿ ತಿಂಗಳ ಜಡಿಮಳೆಯಲ್ಲಿ ಫೋನ್ ಬರುವುದು ಮಳೆ ಬಿಟ್ಟಿತಾ ಎಂದು ಕೇಳಲು. ಅಡಿಕೆಗೆ ಮದ್ದು ಬಿಡಲು ಆಗದೆ ಎಲ್ಲರಿಗೂ ಕೊಳೆರೋಗದ ಹೆದರಿಕೆ. ಆ ಮದ್ದು, ಬೋರ್ಡೋ ದ್ರಾವಣ, ಗೊನೆಯ ಮೇಲೆ ಒಣಗುವಷ್ಟು ಹೊತ್ತಾದರೂ ಸಿಗಬೇಕಲ್ಲ. ನೀರ್ಚಾಲಿನ ಭಾವ ಬೆಳಗ್ಗೆಯೇ ಕೇಳಿದರು, “ಅಲ್ಲಿ ಹೊಳವಾಯಿತಾ?”

ಕಾಸರಗೋಡು ಪೇಟೆಯ ಮಳೆಯನ್ನೂ ಯಾರಾದರೂ ಹೀಗೆ ತೆಗೆಯಬೇಕು. ಪ್ರವಾಹ ಬೇಡ, ಮರ ಬಿದ್ದದ್ದು ಬೇಡ. ಅವೆಲ್ಲ ವಾರ್ತೆಯಲ್ಲಿ ಬರುತ್ತವೆ. ಹೊಸ ಬಸ್‌ಸ್ಟ್ಯಾಂಡಿನಲ್ಲಿ ನಿಂತ ಬಸ್ಸು ಸಾಕು. ನಾಲ್ಕು ಹನಿ ಬಿದ್ದರೆ ಕಿಟಕಿ ಪಕ್ಕದವರೆಲ್ಲ ಒಟ್ಟಿಗೇ ಶಟರ್ ಎಳೆಯುತ್ತಾರೆ. ಒಂದು ಮಾತ್ರ ಸಿಕ್ಕಿಕೊಳ್ಳುತ್ತದೆ, ಹಿಂದಿನ ಸೀಟಿನವರು ಎದ್ದು ಕೈ ಕೊಡುತ್ತಾರೆ. ಒಳಗೆ ಕತ್ತಲಾಗಿ ಡ್ರೈವರ್ ಲೈಟ್ ಹಾಕುವಾಗ ಎಲ್ಲರೂ ಒದ್ದೆ ಮೊಣಕೈ ಒರೆಸಿಕೊಳ್ಳುತ್ತಿರುತ್ತಾರೆ.

ಭಾವನ ಮಗಳು ಕಾಲೇಜಿಗೆ ಹೋಗುವುದು ಬಸ್ಸಿನಲ್ಲೇ, ಫೋನಿನಲ್ಲಿ ಚಂದ ವಿಡಿಯೋ ತೆಗೆಯುತ್ತಾಳೆ. ಅವಳಿಗೆ ಚಿತ್ರ ಕಳುಹಿಸಿದ್ದೇನೆ. ನಾಳೆ ಸೀಟು ಸಿಕ್ಕಿದರೆ ಹಿಂದೆ ಕೂರು, ಅಲ್ಲಿಂದ ಎಲ್ಲರ ಕೈಯೂ ಕಾಣುತ್ತದೆ ಎಂದು ಬರೆದೆ.