ನೆಲದ ಮೇಲೆ ಕೂರ್ತೀಯೇನಮ್ಮಾ, ಕುರ್ಚಿ ಮೇಲಾ?

ಬೆಂಗಳೂರಿನ ಇಬ್ರಾಹಿಂ ಸಾಹೇಬ್ ಸ್ಟ್ರೀಟಿನ ಮಹಡಿಯ ಮೇಲೊಂದು ಸಣ್ಣ ಟೇಲರ್ ಅಂಗಡಿ. ಕುತ್ತಿಗೆಗೆ ಟೇಪು ಹಾಕಿಕೊಂಡ ವಯಸ್ಸಾದ ಮಾಸ್ಟರ್ ಮದುಮಗಳನ್ನು ಕೇಳಿದ ಮೊದಲ ಪ್ರಶ್ನೆ ಇದು. ಬಜೆಟ್ ಎಷ್ಟು ಅಂತ ಕೇಳಲಿಲ್ಲ, ಫೋಟೊ ತೋರಿಸಿ ಅನ್ನಲಿಲ್ಲ. ಈ ವಾರವಿಡೀ ಆ ಮಾತು ತಲೆಯಿಂದ ಹೋಗಿಲ್ಲ.

ಹುಡುಗಿಗೆ ಸೀರೆ ಬೇಡ, ಲೆಹೆಂಗಾ ಬೇಡ. ಅಗಲ ಕಾಲಿನ ಪ್ಯಾಂಟು, ಮೊಣಕಾಲಿನವರೆಗೆ ಬರುವ ಕೋಟು, ಎರಡೂ ಕಡುಹಸಿರು ರಾ ಸಿಲ್ಕಿನಲ್ಲಿ. ಕೋಟಿಗೆ ಕೈ ಇಳಿಯುವಂಥ ಜೇಬು. ಕಾರ್ತಿಕದಲ್ಲಿ ರಿಜಿಸ್ಟರ್ ಮದುವೆ, ಆಮೇಲೆ ಚಿಕ್ಕ ಹಾಲಿನಲ್ಲಿ ಹಾರ ಬದಲಾಯಿಸಿ ಊಟ. ಅಷ್ಟೇ.

ಇದಕ್ಕೂ ಮೊದಲು ಹೋಗಿದ್ದು ಜಯನಗರದ ಕಡೆಯ ಒಂದು ಬೂಟೀಕಿಗೆ. ಅಲ್ಲಿ ಫೋನಿನಲ್ಲಿದ್ದ ಫೋಟೊ ನೋಡಿದ ತಕ್ಷಣ "ಹಂಗೇ ಮಾಡ್ಕೊಡ್ತೀವಿ" ಅಂದರು. ಆಮೇಲೆ ಹುಡುಗಿಯನ್ನು ಬಿಟ್ಟು ಅವಳ ಅಮ್ಮನ ಕಡೆ ತಿರುಗಿ, "ಮದುವೆಗೆ ಪ್ಯಾಂಟಾ ಆಂಟಿ? ಇದನ್ನ ರಿಸೆಪ್ಷನ್‌ಗೆ ಇಟ್ಕೊಳ್ಳಿ, ಮುಹೂರ್ತಕ್ಕೆ ಒಂದು ಒಳ್ಳೆ ಬ್ಲೌಸ್ ಆರಿ ವರ್ಕ್ ಮಾಡ್ಸೋಣ" ಅಂದರು. ಮಗಳ ಪರವಾಗಿಯೇ ಇದ್ದ ಆ ತಾಯಿ ಸಪ್ಪಗಾದರು. ಮನೆಯಲ್ಲಿ ತಿಂಗಳುಗಟ್ಟಲೆ ಮಾತಾಡಿ ಒಪ್ಪಿಕೊಂಡಿದ್ದನ್ನು ಅಂಗಡಿಯವರು ಒಂದೇ ಮಾತಿನಲ್ಲಿ ಅಲುಗಾಡಿಸಿಬಿಟ್ಟರು. ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ಹೊಲಿಯಲು ಬರದಿದ್ದರೆ ಬರುವುದಿಲ್ಲ ಅನ್ನಬೇಕು, ಅದನ್ನು ಸಂಪ್ರದಾಯದ ಮೇಲೆ ಹಾಕಬಾರದು.

ಬಹಳ ಬೂಟೀಕುಗಳಲ್ಲಿ ಅಳತೆ ತೆಗೆಯುವವರು ಒಬ್ಬರು, ಕತ್ತರಿ ಹಾಕುವವರು ಇನ್ನೊಬ್ಬರು. ಅಳತೆ ಚೀಟಿ ಜಾಬ್ ವರ್ಕಿಗೆ, ಅಂದರೆ ಹೊರಗಿನ ಕೂಲಿ ಹೊಲಿಗೆಗೆ, ಬೇರೆಲ್ಲೋ ಹೋಗುತ್ತದೆ. ಕಟಿಂಗ್ ಮಾಸ್ಟರ್ ಆ ಮೈಯನ್ನು ನೋಡಿಯೇ ಇರುವುದಿಲ್ಲ. ಸೀರೆ ಬ್ಲೌಸಿಗೆ ಇದು ಹೇಗೋ ನಡೆಯುತ್ತದೆ, ಅಳತೆಗೊಂದು ಹಳೇ ಬ್ಲೌಸ್ ಇರುತ್ತದಲ್ಲ. ಯಾರೂ ಹೊಲಿಯದ ಉಡುಪಿಗೆ ಅಳತೆ ಬ್ಲೌಸ್ ಎಲ್ಲಿಂದ ತರುವುದು? ಆದ್ದರಿಂದ ಎಲ್ಲೇ ಹೋದರೂ "ಕಟಿಂಗ್ ಯಾರು ಮಾಡ್ತಾರೆ, ಅವರು ಟ್ರಯಲ್ ದಿನ ಇಲ್ಲಿರ್ತಾರಾ?" ಎಂದು ಮೊದಲೇ ಕೇಳಬೇಕು. ಉತ್ತರ ತಡವರಿಸಿದರೆ ಎದ್ದು ಬರಬಹುದು.

ಕೂರುವ ಪ್ರಶ್ನೆಗೆ ಕಾರಣವಿದೆ. ಪ್ಯಾಂಟಿನ ಕಷ್ಟವೆಲ್ಲ ಸೀಟಿನಲ್ಲಿ, ಅಂದರೆ ಕೂರುವ ಭಾಗದಲ್ಲಿ. ಕೂತಾಗ ಸೊಂಟದ ಕೆಳಗಿನ ಸುತ್ತಳತೆ ನಿಂತಾಗಿನದಕ್ಕಿಂತ ಇಂಚು ಎರಡಿಂಚು ಹೆಚ್ಚಾಗುತ್ತದೆ. ಚಕ್ಕಳಮಕ್ಕಳ ಹಾಕಿದರೆ ಹಿಂದಿನ ಸೀಟಿನ ಉದ್ದವೂ ಜಾಸ್ತಿ ಬೇಕು. ಇಲ್ಲದಿದ್ದರೆ ಸೊಂಟಪಟ್ಟಿ ಹಿಂದೆ ಕೆಳಗಿಳಿಯುತ್ತದೆ. ಹೀಗಾಗಿ ಮಾಸ್ಟರ್ ಅವಳನ್ನು ಗಟ್ಟಿ ಸ್ಟೂಲಿನ ಮೇಲೆ ಕೂರಿಸಿ, ಪಕ್ಕದಲ್ಲಿ ಸೊಂಟದಿಂದ ಸ್ಟೂಲಿನವರೆಗೆ ಅಳೆದು, ಅದಕ್ಕೆ ಮುಕ್ಕಾಲು ಇಂಚು ಸೇರಿಸಿ ಬರೆದುಕೊಂಡರು. ರಾ ಸಿಲ್ಕಿಗೆ ಇನ್ನೊಂದು ಗುಣವಿದೆ. ಬಿಗಿಯಾದ ಕಡೆ ಹೊಲಿಗೆ ಬಿಚ್ಚುವುದಿಲ್ಲ, ಹೊಲಿಗೆಯ ಪಕ್ಕದ ಎಳೆಗಳು ಸರಿದು ಬಾಯಿ ಬಿಡುತ್ತವೆ. ಆಮೇಲೆ ಅದನ್ನು ಸರಿ ಮಾಡುವುದು ಕಷ್ಟ.

ಆಮೇಲೆ "ಹುಡುಗ ಎಷ್ಟು ಎತ್ತರ?" ಅಂದರು. ಅಮ್ಮ ಮಗಳು ಮುಖ ಮುಖ ನೋಡಿಕೊಂಡರು. "ಹಾರ ಹಾಕ್ಬೇಕಲ್ಲಮ್ಮಾ, ಕೈ ಎತ್ತು ನೋಡೋಣ." ಅವಳು ಎರಡೂ ಕೈ ಮೇಲೆತ್ತಿದಳು. ಅವಳು ಹಾಕಿಕೊಂಡು ಬಂದಿದ್ದ ಆಫೀಸಿನ ಕೋಟು ಪೂರ್ತಿ ಎದ್ದು ಹೊಟ್ಟೆಯ ಮೇಲೆ ಬಂತು. ಕಂಕುಳಿನ ಸುತ್ತ ಸಡಿಲ ಇದ್ದಷ್ಟೂ ಕೈ ಆರಾಮ ಅಂತ ಎಲ್ಲರೂ ತಿಳಿದಿರುತ್ತಾರೆ. ಆಗುವುದು ಉಲ್ಟಾ. ಆರ್ಮ್‌ಹೋಲ್, ಅಂದರೆ ಕೋಟಿಗೆ ತೋಳು ಕೂರಿಸುವ ತೂತು, ಕೆಳಗಿದ್ದರೆ ತೋಳಿನ ಜೊತೆ ಇಡೀ ಕೋಟೇ ಏಳುತ್ತದೆ. ಅದು ಕಂಕುಳಿಗೆ ಹತ್ತಿರ, ಮೇಲಕ್ಕೇ ಇರಬೇಕು, ತೋಳಿನ ತಲೆಯ, ಅಂದರೆ ಭುಜಕ್ಕೆ ಸೇರುವ ಗುಂಡನೆಯ ಮೇಲ್ಭಾಗದ, ಎತ್ತರ ಸ್ವಲ್ಪ ಕಡಿಮೆಯಾಗಬೇಕು. ಕೈ ಇಳಿಬಿಟ್ಟಾಗ ಒಂದೆರಡು ಸುಕ್ಕು ಕಾಣುತ್ತದೆ, ಕಾಣಲಿ. ಫೋಟೊದ ಮಾಡೆಲ್ ಯಾರಿಗೂ ಹಾರ ಹಾಕುತ್ತಿರುವುದಿಲ್ಲ, ಎಷ್ಟೋ ಸಲ ಅವಳ ಬೆನ್ನ ಹಿಂದೆ ಕ್ಲಿಪ್ಪುಗಳೂ ಇರುತ್ತವೆ.

ನಮ್ಮ ಊರಿನಲ್ಲಿ ಒಳ್ಳೆಯ ಬ್ಲೌಸ್ ಹೊಲಿಯುವವರಿಗೆ ಬರವಿಲ್ಲ. ಅದು ಸುಲಭದ ಕೆಲಸವಲ್ಲ, ಎದೆಭಾಗದ ಕಟೋರಿ ಕೂರಿಸುವುದನ್ನು ನೋಡಿದವರಿಗೆ ಗೊತ್ತು. ಆದರೆ ಬ್ಲೌಸು ಸೊಂಟದ ಮೇಲೆಯೇ ಮುಗಿದುಹೋಗುತ್ತದೆ. ಜೆಂಟ್ಸ್ ಟೇಲರುಗಳಿಗೆ ಕೋಟು ಪ್ಯಾಂಟು ಗೊತ್ತು, ಹೆಣ್ಣುಮಕ್ಕಳ ಮೈಗೆ ಬಟ್ಟೆ ಕೂರಲೆಂದು ಹಾಕುವ ಮಡಿಕೆ, ಅಂದರೆ ಡಾರ್ಟ್, ಎಲ್ಲಿ ಹಿಡಿಯಬೇಕು ಅನ್ನುವುದು ಅಷ್ಟಾಗಿ ರೂಢಿಯಿಲ್ಲ. ಎರಡೂ ಬಲ್ಲವರನ್ನು ಕಂಡುಹಿಡಿಯುವುದೇ ಹುಡುಕಾಟ. ಮ್ಯಾನಿಕಿನ್ ಮೇಲಿರುವುದನ್ನು ಮುಂದಿನಿಂದ ನೋಡಿದರೆ ಏನೂ ತಿಳಿಯುವುದಿಲ್ಲ. ಒಳಗು ಹೊರಗು ಮಾಡಿಸಿ ನೋಡಬೇಕು: ಲೈನಿಂಗ್ ಬಿಡಿಯಾಗಿ ಇಳಿದಿದೆಯೇ, ಪಕ್ಕದಲ್ಲಿ ಇಂಚಿನಷ್ಟು ಮಾರ್ಜಿನ್ ಬಿಟ್ಟಿದ್ದಾರೆಯೇ, ಕಾಲರು ಗಟ್ಟಿಯಾಗಲೆಂದು ಒಳಗೆ ಅಂಟಿಸುವ ಫ್ಯೂಸಿಂಗ್ ಗುಳ್ಳೆ ಎದ್ದಿದೆಯೇ. ಗುಳ್ಳೆ ಇದ್ದರೆ ಇಸ್ತ್ರಿಯ ಶಾಖವೋ ಒತ್ತಡವೋ ಸರಿಹೋಗಿಲ್ಲ ಅಂತ.

ಬಟ್ಟೆಯ ಲೆಕ್ಕ ಹೀಗೆ. 44 ಇಂಚು ಪನ್ನದಲ್ಲಿ, ಅಂದರೆ ಬಟ್ಟೆಯ ಅಗಲ ಅಷ್ಟಿದ್ದರೆ, ಅಗಲ ಕಾಲಿನ ಪ್ಯಾಂಟಿಗೆ ಎರಡೂವರೆ ಮೀಟರ್, ತುಂಬುತೋಳಿನ ಕೋಟಿಗೆ ಮೂರರಿಂದ ಮೂರೂವರೆ. ಕೈಯಲ್ಲಿ ಅರ್ಧ ಮೀಟರ್ ಹೆಚ್ಚಿಗೆ ಇರಲಿ. ಎಲ್ಲವನ್ನೂ ಒಂದೇ ಥಾನಿನಿಂದ, ಅಂದರೆ ಒಂದೇ ಬಟ್ಟೆಸುರುಳಿಯಿಂದ, ಕತ್ತರಿಸಿಕೊಳ್ಳಬೇಕು. ಇನ್ನೊಂದು ಥಾನಿನ ಹಸಿರು ಅಂಗಡಿಯ ಟ್ಯೂಬ್‌ಲೈಟಿನಲ್ಲಿ ಒಂದೇ ಥರ ಕಂಡು ಬಿಸಿಲಿಗೆ ಬಂದಾಗ ಬೇರೆಯಾಗುತ್ತದೆ. ಚಿಕ್ಕಪೇಟೆಯಲ್ಲಿ ಬಟ್ಟೆಯನ್ನು ಬಾಗಿಲಿಗೆ ತಂದು ನೋಡಿ, ಯಾರೂ ಬೇಡ ಅನ್ನುವುದಿಲ್ಲ. ಗುಂಡಿ, ಪೈಪಿಂಗು ಮಾಮೂಲ್‌ಪೇಟೆಯಲ್ಲಿ ಸಿಗುತ್ತದೆ. ಮೈಸೂರು ಸಿಲ್ಕಿನಲ್ಲೇ ಕೋಟು ಆಗಬೇಕು ಅನ್ನುವವರಿದ್ದಾರೆ. ಆ ಕ್ರೇಪು ಇಳಿಬೀಳುವ ಬಟ್ಟೆ, ಫ್ಯೂಸಿಂಗ್ ಇಲ್ಲದೆ ಭುಜ ನಿಲ್ಲುವುದಿಲ್ಲ, ಫ್ಯೂಸಿಂಗ್ ಹಾಕಿದರೆ ಅದರ ಸೊಗಸೇ ಹೋಗುತ್ತದೆ.

ರೇಷ್ಮೆಗೆ ಕತ್ತರಿ ಹಾಕುವ ಮೊದಲು ಕೋರಾ ಬಟ್ಟೆಯಲ್ಲಿ, ಅಂದರೆ ಬಣ್ಣ ಹಾಕದ ಹತ್ತಿಬಟ್ಟೆಯಲ್ಲಿ, ಅಳತೆ ನೋಡಲು ಒಂದು ಹೊಲಿಸಲೇಬೇಕು. ರೇಷ್ಮೆಯಲ್ಲಿ ಹೊಲಿಗೆ ಬಿಚ್ಚಿದರೆ ಸೂಜಿಯ ತೂತು ಹಾಗೇ ಉಳಿಯುತ್ತದೆ. ಇದಕ್ಕೆ ಬೇರೆ ಮಜೂರಿ ಕೇಳುತ್ತಾರೆ, ಕೊಡಿ. ಇದರ ಅಗತ್ಯವೇ ಇಲ್ಲ ಅನ್ನುವವರಿಗೆ ಈ ಕೆಲಸ ಕೊಡಬೇಡಿ.

ಸಮಯದ ಬಗ್ಗೆಯೂ ಹೇಳಬೇಕು. ರಿಜಿಸ್ಟರ್ ಮದುವೆ ವಿಶೇಷ ವಿವಾಹ ಕಾಯ್ದೆಯಲ್ಲಾದರೆ ನೋಟಿಸ್ ಕೊಟ್ಟ ಮೇಲೆ 30 ದಿನ ಕಾಯಬೇಕು, ನೋಟಿಸ್ ಕೊಟ್ಟ ದಿನದಿಂದ ಮೂರು ತಿಂಗಳೊಳಗೆ ಮದುವೆ ಆಗಬೇಕು. ನೋಟಿಸ್ ಹಾಕಿ ಬಟ್ಟೆ ನೋಡೋಣ ಎಂದು ಕೂತರೆ ಆತುರ ಆತುರ. ಆಷಾಢದಲ್ಲಿ ಮದುವೆಗಳಿಲ್ಲ, ಮಾಸ್ಟರುಗಳ ಕೈ ಖಾಲಿ. ಶ್ರಾವಣ ಬಂದು ವರಮಹಾಲಕ್ಷ್ಮಿ ಹತ್ತಿರವಾದರೆ "ನಾಳೆ ಬನ್ನಿ" ಶುರುವಾಗುತ್ತದೆ.

ಹುಡುಗಿ ಹೊಲಿಯಲು ಆ ಮಹಡಿಯ ಅಂಗಡಿಗೇ ಕೊಟ್ಟಳು. ಅವಳ ಬಲಭುಜ ಅರ್ಧ ಇಂಚು ತಗ್ಗಿರುವುದನ್ನು, ಲ್ಯಾಪ್‌ಟಾಪ್ ಬ್ಯಾಗು ಯಾವ ಕಡೆ ಹಾಕುತ್ತಾಳೆ ಅನ್ನುವುದನ್ನು ಮಾಸ್ಟರ್ ಟೇಪು ಹಿಡಿಯುವ ಮುಂಚೆಯೇ ಹೇಳಿದ್ದರು. ಪ್ಯಾಂಟು ಯಾಕೆ ಅಂತ ಮಾತ್ರ ಕೊನೆಯವರೆಗೂ ಕೇಳಲಿಲ್ಲ. ಇಳಿದು ಬರುವಾಗ ಅಮ್ಮನ ಮುಖ ಹಗುರಾಗಿತ್ತು.

ಬಿಲ್ಲಿನಲ್ಲಿ ಏನೇನು ಬರೆಸಬೇಕೆಂದರೆ: ಕೊಟ್ಟ ಬಟ್ಟೆ ಎಷ್ಟು ಮೀಟರ್, ಕೋರಾ ಟ್ರಯಲ್ ಮತ್ತು ರೇಷ್ಮೆ ಟ್ರಯಲ್ ತಾರೀಖು, ಜೇಬಿನ ಆಳ, ಕಂಕುಳಲ್ಲಿ ಬೆವರಿನ ಪ್ಯಾಡು, ಮದುವೆಗೆ ಹತ್ತು ದಿನ ಮುಂಚೆ ಡೆಲಿವರಿ. ಅರ್ಧ ಅಡ್ವಾನ್ಸ್ ಸಾಕು, ಬಾಕಿ ಕೊನೆಯ ಟ್ರಯಲ್ ಆದ ಮೇಲೆ. ಪ್ಯಾಂಟಿನ ಅಂಚು ಮಡಿಸುವ ದಿನ ಮದುವೆಗೆ ಹಾಕುವ ಚಪ್ಪಲಿಯನ್ನೇ ಒಯ್ಯಿರಿ. ಉಳಿದ ತುಂಡುಗಳನ್ನು ಕೇಳಿ ತೆಗೆದುಕೊಳ್ಳಿ, ಮುಂದೆ ಎಲ್ಲಾದರೂ ಹರಿದರೆ ಅದೇ ಥಾನಿನ ಬಟ್ಟೆ ಬೇರೆಲ್ಲೂ ಸಿಗುವುದಿಲ್ಲ.